ನಾಲ್ಕನೇ ಕಿಂಡಿ

ಕಂಟೋನ್ಮೆಂಟ್ ಸ್ಟೇಷನ್ನಿನ ನಾಲ್ಕನೇ ಕಿಂಡಿಯಲ್ಲಿ
ಕೂತವಳು ನಾನೇ. ಗಾಜಿನ ಕೆಳಗೆ
ಅಂಗೈ ತೂರುವಷ್ಟು ತೂತು.
ನೋಟು ಬರುತ್ತದೆ, ಚಿಲ್ಲರೆ ಹೋಗುತ್ತದೆ.
ಬಂದದ್ದನ್ನೆಲ್ಲ ಒಳಗೆ ಬಿಟ್ಟುಕೊಳ್ಳುವುದಕ್ಕೇ
ಈಗ ನನಗೆ ಸಂಬಳ.

ಹದಿಮೂರಕ್ಕೆ ನನ್ನನ್ನು ಗೋಲಿನಲ್ಲಿ ನಿಲ್ಲಿಸಿದ್ದು
ಮುನಿಚಿನ್ನಪ್ಪ ಮೇಷ್ಟ್ರು. ಕಾರಣ ಇಷ್ಟೇ:
ಈ ಹುಡುಗಿಗೆ ಓಡೋಕೆ ಬರಲ್ಲ, ಹೆದರೋಕೂ ಬರಲ್ಲ.
'ಚೆಂಡಿಗೆ ನಿನ್ನ ಮೇಲೇನೂ ಸಿಟ್ಟಿಲ್ಲ ಕಣಮ್ಮ,
ದಾರಿ ತಪ್ಪಿ ಬಂದಿರುತ್ತೆ. ವಾಪಸ್ ಕಳಿಸು.'

ಮೂವರು ತೊಟ್ಟು ಬಿಟ್ಟ ಪ್ಯಾಡು.
ಎಡಗಾಲಿನದು ನೀಲಿ,
ಬಲಗಾಲಿನದು ಒಂದಾನೊಂದು ಕಾಲದಲ್ಲಿ ಬಿಳಿ.
ನೀಲಸಂದ್ರದ ತಾರಸಿಯಲ್ಲಿ ಒಣಹಾಕಿದರೆ
ಪಕ್ಕದ ಮನೆ ಶಾಹಿದಾಬಿ ಸೆರಗಲ್ಲಿ ಮೂಗು ಮುಚ್ಚಿ
'ಏನು ಸತ್ತಿದೆ ವಲ್ಲಿ?' ಅನ್ನುವಳು.
ಬಸ್ಸಿನಲ್ಲಿ ಬ್ಯಾಗಿಗೆ ಬೇರೆ ಟಿಕೆಟ್ಟು.
ಕಂಡಕ್ಟರು ಕಾಲಲ್ಲಿ ಒತ್ತಿ ನೋಡಿ ಕೇಳಿದ:
ಒಳಗೆ ಯಾರಮ್ಮ ಇರೋದು?
ನಾನೇ ಸಾರ್, ಅಂದೆ.

ಅಕ್ಕಿತಿಮ್ಮನಹಳ್ಳಿಯ ಟರ್ಫಿಗೆ
ಬೆಳಗಿನ ಐದೂವರೆಗೆ ನೀರು ಬಿಡುವರು.
ಆ ತೇವದ ಮೇಲೆ ಚೆಂಡು ಸದ್ದಿಲ್ಲದೆ ಬರುತ್ತದೆ,
ಹಿಂದೊಂದು ತುಂತುರು ಬಾಲ.
ತಗುಲಿದ ಮೇಲೆಯೇ ಸದ್ದು.
ಪ್ಯಾಡಿಗೆ ಬಿದ್ದರೆ ದಿಂಬು ಕೊಡವಿದ ಹಾಗೆ.
ನನ್ನ ದಾಟಿ ಹಿಂದಿನ ಹಲಗೆಗೆ ಬಿದ್ದರೆ
ಮದುವೆ ಮನೆಯಲ್ಲಿ ಯಾರೋ ಕೊಪ್ಪರಿಗೆ ಕೈಬಿಟ್ಟ ಹಾಗೆ.
ಎಲ್ಲರೂ ತಿರುಗಿ ನೋಡುವರು.

ರೈಲ್ವೇಸಿನಲ್ಲಿ ಹದಿನಾಲ್ಕು ವರ್ಷ ಆಡಿದೆ
ಅನ್ನುತ್ತದೆ ಸರ್ವಿಸ್ ಪುಸ್ತಕ.
ಹನ್ನೊಂದು ವರ್ಷ ಬೆಂಚಿನ ಮೇಲೆ ಆಡಿದೆ.
ಮೊದಲ ಗೋಲಿ ಸುಶಾಂತಿ ಟೊಪ್ಪೊ,
ಅವಳಿಗೆ ಒಂದು ದಿನ ನೆಗಡಿಯೂ ಬರಲಿಲ್ಲ.
ಬರಲಿ ಅಂತ ಬಯಸಿದ್ದೇನೆ. ಇದನ್ನು
ಎಲ್ಲೂ ಹೇಳಿಲ್ಲ.
ಬಯಸುತ್ತಲೇ ಅವಳ ಬಾಟಲಿಗೆ ನೀರು ತುಂಬಿದೆ,
ಅವಳ ಬೆನ್ನಿನ ಪಟ್ಟಿ ಬಿಗಿದೆ,
ಜಾಸ್ತಿ ಬಿಗಿಯಾಯಿತೇ ಅಂತ ಕೇಳಿದೆ.
ಆಮೇಲೆ ಪೂರ್ತಿ ತೊಟ್ಟು, ಬೆವರಿ,
ಹೆಲ್ಮೆಟ್ಟನ್ನು ಮಾತ್ರ ತೊಡೆಯ ಮೇಲಿಟ್ಟುಕೊಂಡು
ಎಪ್ಪತ್ತು ನಿಮಿಷ.

ಕೂತೂ ಕೂತೂ ಮಂಡಿ ಹೋಗುತ್ತದೆ ಅಂದರೆ ಡಾಕ್ಟರೂ ನಗುವರು.
ಜಾನ್ಸನ್ ಮಾರ್ಕೆಟ್ಟಿನ ಮೀನಂಗಡಿಯಿಂದ
ಅಮ್ಮ ಐಸು ತರುವಳು, ಹಳೇ ಟವಲಿನಲ್ಲಿ ಸುತ್ತಿ.
ರಾತ್ರಿಯಿಡೀ ಮಂಡಿಗೆ ಬಂಗುಡೆ ವಾಸನೆ.
'ಎಷ್ಟು ಗೋಲು ಹೊಡೆದೆ?'
ನಾನು ಹೊಡೆಯೋದಲ್ಲಮ್ಮ, ತಡೆಯೋದು.
'ಹಾಗಾದರೆ ಪೇಪರಿನಲ್ಲಿ ಹೆಸರು ಬರಲ್ಲ.'
ಬರುತ್ತೆ, ಬಿಟ್ಟಾಗ.

ಬಂತು ಕೂಡ. ಒಂದೇ ಸಲ.
ಸುಶಾಂತಿಯ ಹೆಬ್ಬೆರಳು ಮುರಿದ ಸೆಮಿಫೈನಲ್,
ಸಮಬಲ, ಶೂಟೌಟು. ಒಬ್ಬೊಬ್ಬಳಿಗೂ ಎಂಟು ಸೆಕೆಂಡು.
ಎಂಟು ಸೆಕೆಂಡು ಎಷ್ಟು ದೊಡ್ಡದು ಅಂತ
ಹನ್ನೊಂದು ವರ್ಷ ಕೂತವರಿಗೆ ಗೊತ್ತು.
ಮೂರು ತಡೆದೆ. ಹೇಗೆ ಅಂತ ಈಗಲೂ ಗೊತ್ತಿಲ್ಲ,
ಕೈ ಹೋಗಿತ್ತು, ಹಿಂದೆ ನಾನು ಹೋದೆ.
ಕೊನೆಯದು ಕಾಲ ಸಂದಿಯಲ್ಲಿ,
ಅವಸರವೇ ಇಲ್ಲದೆ,
ಸಂಜೆ ಮನೆಗೆ ಬರುವ ಬೆಕ್ಕಿನ ಹಾಗೆ ಒಳಗೆ ಹೋಯಿತು.

ಮರುದಿನದ ಪೇಪರಿನಲ್ಲಿ ನಾನು ನೆಲದ ಮೇಲೆ, ಚೆಂಡು ಆಚೆ.
ಅಮ್ಮ ಅದನ್ನು ಕತ್ತರಿಸಿ, ಅನ್ನದ ಅಗುಳಿನಿಂದ
ಕ್ಯಾಲೆಂಡರಿನ ಪಕ್ಕ ಅಂಟಿಸಿದಳು.
ತುಂಬ ಹೊತ್ತು ನೋಡಿ ಹೇಳಿದಳು:
'ಚೆನ್ನಾಗಿ ಬಿದ್ದಿದ್ದೀಯ.'

ಅದಕ್ಕಿಂತ ದೊಡ್ಡ ಪದಕ ಯಾರೂ ಕೊಡಲಿಲ್ಲ.

ಈಗ ಬೆಳಗ್ಗೆ ಆರರ ಪಾಳಿ.
ಕುಪ್ಪಂ ಎರಡು, ಬಂಗಾರಪೇಟೆ ಒಂದು, ಮಾಲೂರು ಒಂದು.
ಇವತ್ತು ಒಬ್ಬ ಮುದುಕನ ಕೈ ನಡುಗಿ
ಐದರ ನಾಣ್ಯ ಕಿಂಡಿಯೊಳಗೆ ಉರುಳಿಕೊಂಡು ಬಂತು,
ಮೇಜು ದಾಟಿ ಅಂಚಿಗೆ.
ನಾನು ನೋಡುವ ಮೊದಲೇ
ಎಡಗಾಲು ಚಾಚಿತ್ತು.
ಕುರ್ಚಿ ಕಿರುಗುಟ್ಟಿತು, ಮಂಡಿ ಬೈಯಿತು,
ಚಪ್ಪಲಿಯ ಬದಿಗೆ ನಾಣ್ಯ ಟಣ್ಣನೆ ನಿಂತಿತು.

ಬಗ್ಗಲಿಲ್ಲ ಒಂದು ಕ್ಷಣ. ಹಾಗೇ ಹಿಡಿದಿದ್ದೆ.
ಕ್ಯೂ ಹಿಂದಿನಿಂದ ಯಾರೋ ಕೂಗಿದರು:
ಬೇಗ ಬಿಡಿ ಮೇಡಂ,
ಟ್ರೈನು ಬಂತು.